ಬನಶಂಕರಕ್ಕನ ಶಾಟು

ಯಾರಾದರೂ ಮಾತು ಎಳೆದರೆ ವೇಣುಗೋಪಾಲಣ್ಣನ ಬಲಗೈಯ ಎರಡು ಬೆರಳು ತಾವಾಗಿಯೇ ಕತ್ತರಿಯ ಹಾಗೆ ಆಡುತ್ತವೆ. ಸಿನಿಮಾ ಎಡಿಟರ್ ಆಗಿ ನಲವತ್ತು ವರ್ಷ ಗಾಂಧಿನಗರದಲ್ಲಿ ಕತ್ತರಿಸಿದ ಕೈ ಅದು. ಪಕ್ಕದ ಮನೆಯ ಮುನಿರತ್ನಮ್ಮ ನಾನು. ಆ ಬೆರಳು ಕಂಡು ಎಷ್ಟೋ ಸಲ ಅರ್ಧ ಮಾತು ನುಂಗಿಕೊಂಡು ಬಂದಿದ್ದೇನೆ. ಕೋಪ ಬರುವುದಿಲ್ಲವೇ? ಬರುತ್ತದೆ.

ಅಣ್ಣ ದೊಡ್ಡಬಳ್ಳಾಪುರದ ಮಗ್ಗದ ಮನೆಯಲ್ಲಿ ಹುಟ್ಟಿದವರು. ಮಗ್ಗಕ್ಕೆ ಉದ್ದಕ್ಕೆ ಕಟ್ಟಿದ ಹಾಸಿನ ಎಳೆ ಹರಿದರೆ ಕಣ್ಣಿಗೆ ಕಾಣದಂತೆ ಗಂಟು ಹಾಕುತ್ತಿದ್ದರಂತೆ. ಆ ಬೆರಳು ನೋಡಿಯೇ ಸೋದರಮಾವ ಅವರನ್ನು ಎಡಿಟಿಂಗ್ ರೂಮಿಗೆ ಸೇರಿಸಿದ್ದು. ಮೊದಲು ರೀಲು ಕತ್ತರಿಸಿ ಅಂಟು ಹಚ್ಚಿ ಕೂಡಿಸಿದರು, ಕಂಪ್ಯೂಟರ್ ಬಂದ ಮೇಲೆ ಅದನ್ನೂ ಕಲಿತರು. ಹೀರೋಗಳ ಫೈಟು ಮೊಟಕು ಮಾಡಿ ಬೈಸಿಕೊಂಡರು. ಪಿಕ್ಚರ್ ಓಡಿದ ಮೇಲೆ ಅದೇ ಹೀರೋಗಳು ಬಂದು ಹೆಗಲ ಮೇಲೆ ಕೈ ಹಾಕಿದರು.

ಒಂದು ಸಲ ಅಣ್ಣನೇ ಎಡಿಟ್ ಮಾಡಬೇಕಿದ್ದ ಪಿಕ್ಚರಿನ ಶೂಟಿಂಗ್ ನಮ್ಮ ಬೀದಿಗೇ ಬಂತು. ಮಗ್ಗದ ಮುಂದೆ ಕೂತು ಎಳೆ ಕೂಡಿಸುವ ಹೆಂಗಸು ಬೇಕೆಂದರು. ಅಣ್ಣನ ಹೆಂಡತಿ ಬನಶಂಕರಕ್ಕನೇ ಕೂತಳು. ಆಗಿನ್ನೂ ಹೊಸದಾಗಿ ಮದುವೆಯಾದವಳು. ಕೆಲಸ ಚೆನ್ನಾಗಿಯೇ ಮಾಡಿದಳು, ಕೊನೆಯಲ್ಲಿ ಮಾತ್ರ ಕ್ಯಾಮೆರಾ ಕಡೆ ತಿರುಗಿ ನಕ್ಕುಬಿಟ್ಟಳು. ಪಿಕ್ಚರ್ ಬಿಡುಗಡೆಯಾದಾಗ ಇಡೀ ಬೀದಿಯನ್ನು ಥಿಯೇಟರಿಗೆ ಹೊರಡಿಸಿದಳು. ನಾನೂ ಚಕ್ಕುಲಿ ಕಟ್ಟಿಕೊಂಡು ಹೋಗಿದ್ದೆ. ಪರದೆಯ ಮೇಲೆ ಇಂಟರ್‌ವಲ್ ಬಂತು, ಶುಭಂ ಬಂತು, ಬನಶಂಕರಕ್ಕ ಬರಲಿಲ್ಲ.

"ಕ್ಯಾಮೆರಾ ನೋಡ್ಬಿಟ್ಯಲ್ಲೇ, ಅದನ್ನ ಇಡಕ್ಕಾಗಲ್ಲ" ಎಂದರು ಗಂಡ.

ಅವತ್ತಿನಿಂದ ಅವಳು ಗಂಡನ ಒಂದು ಪಿಕ್ಚರನ್ನೂ ನೋಡಲಿಲ್ಲ. ಟಿವಿಯಲ್ಲಿ ಬಂದರೆ ಆರಿಸಿಬಿಡುತ್ತಿದ್ದಳು. ಪ್ರಶಸ್ತಿ ಬಂದಾಗ ಫಲಕ ಒರೆಸಿ ಶೋಕೇಸಿನಲ್ಲಿಟ್ಟಳು, ಅಷ್ಟೇ. ಊರೆಲ್ಲ ಹೊಗಳಿದ ಕೆಲಸವನ್ನು ಹೆಂಡತಿ ನೋಡಲಿಲ್ಲವಲ್ಲ ಎಂಬ ಸಂಕಟ ಅಣ್ಣನಿಗೆ ಇದ್ದೇ ಇತ್ತು. ಮೊನ್ನೆ ನೇಕಾರರ ಸಂಘದವರು ಸನ್ಮಾನ ಇಟ್ಟುಕೊಂಡು, ನಿಮ್ಮದೇ ಒಂದು ಸಣ್ಣ ಪಿಕ್ಚರ್ ತೋರಿಸಿ ಎಂದರು. ಅಣ್ಣ ನೇರ ಅಡುಗೆಮನೆಗೆ ಹೋಗಿ ನಿಂತರು.

"ನೀನು ಬರ್ದೇ ಇದ್ರೆ ನಂಗೆ ಶಾಲೂ ಬೇಡ, ಹಾರಾನೂ ಬೇಡ."

"ಬರ್ತೀನಿ. ಮಗ್ಗದ ಮುಂದೆ ನನ್ನ ಇನ್ನೊಂದ್ಸಲ ತೆಗೀರಿ. ಅದನ್ನೇ ತೋರ್ಸಿ. ಒಂದ್ ಚೂರೂ ಕತ್ತರಿಸ್ಬಾರ್ದು."

ಅಣ್ಣ ಒಪ್ಪಿ, ಮೊಬೈಲನ್ನು ಕಿಟಕಿಯಲ್ಲಿಟ್ಟು ತೆಗೆದರು.

ಸನ್ಮಾನದ ದಿನ ಪರದೆಯ ಮೇಲೆ ಅಕ್ಕ ಎಳೆ ಕೂಡಿಸಿದಳು. ಕೂಡಿಸುತ್ತಲೇ ಇದ್ದಳು. ನೀರು ಕುಡಿಯಲು ಎದ್ದು ಒಳಗೆ ಹೋದಳು. ಅಷ್ಟು ಹೊತ್ತೂ ಸಭೆಯವರು ಖಾಲಿ ಸ್ಟೂಲು ನೋಡಿದರು. ಅವಳು ಬಂದು ಕೂತ ಮೇಲೆ ಯಾರೋ ಒಬ್ಬಳು ಕರಿಬೇವು ಕೇಳಿಕೊಂಡು ನುಗ್ಗಿದಳು. ನಾನೇ! ಮೊಬೈಲು ಓಡುತ್ತಿದೆ ಎಂದು ನನಗೇನು ಗೊತ್ತು?

"ಸನ್ಮಾನಕ್ಕೆ ಉಂಡ್ಕೊಂಡೇ ಹೋಗಣ ಕಣಕ್ಕ. ಅಪ್ಪಯ್ಯಣ್ಣ ಮೈಕ್ ಹಿಡ್ಕೊಂಡ್ರೆ ನಾವು ಹಸ್ಕೊಂಡು ಸಾಯ್ಬೇಕು!"

ಸಂಘದ ಅಧ್ಯಕ್ಷ ಅಪ್ಪಯ್ಯಣ್ಣ ಮೊದಲ ಸಾಲಿನಿಂದ ತಿರುಗಿ ನನ್ನನ್ನೇ ಹುಡುಕಿದರು. ನಾನು ಸೆರಗನ್ನು ಮುಖಕ್ಕೆ ಎಳೆದುಕೊಂಡೆ.

ವೇದಿಕೆಯ ಮೇಲೆ ಅಣ್ಣನ ಎರಡು ಬೆರಳು ತೊಡೆಯ ಮೇಲೆ ಕುಣಿಯುತ್ತಿದ್ದವು. ಇನ್ನೊಂದು ಕೈಯಿಂದ ಅವನ್ನು ಅದುಮಿ ಹಿಡಿದುಕೊಂಡಿದ್ದರು. ಪಾಪ ಎನಿಸಿತು. ಕೊನೆಗೆ ಅಕ್ಕ ಗಂಟು ಬಿಗಿದು, ಕ್ಯಾಮೆರಾ ಕಡೆ ತಿರುಗಿ, ನೇರವಾಗಿ ನಕ್ಕಳು. ಮುಂದಿನ ಹಲ್ಲು ಹೋಗಿದೆ, ನಗು ಮಾತ್ರ ಅದೇ. ನನಗೆ ಕಣ್ಣು ತುಂಬಿ ಬಂತು.

ಮೂವರೂ ಒಂದೇ ಆಟೋದಲ್ಲಿ ವಾಪಸಾದೆವು. ಅಕ್ಕ ಯೋಚನೆ ಮಾಡುತ್ತಲೇ ಇದ್ದಳು.

"ಏನ್ರೀ, ನಾನು ನೀರು ಕುಡ್ಯಕ್ ಹೋಗಿದ್ದು, ಇವಳು ಬಂದು ಒದರಿದ್ದು, ಅವೆಲ್ಲ ಕತ್ತರಿಸ್ಬೋದಿತ್ತು ಕಣ್ರೀ."

"ನೀನೇ ತಾನೇ ಬೇಡ ಅಂದಿದ್ದು?"

"ಅಂದೆ. ನಂಗೇನ್ ಗೊತ್ತಿತ್ತು ಅಷ್ಟು ಬೇಜಾರಾಗುತ್ತೆ ಅಂತ?" ಸ್ವಲ್ಪ ದೂರ ಹೋದ ಮೇಲೆ ಮೆಲ್ಲಗೆ ಕೇಳಿದಳು, "ಆ ಹಳೇ ಪಿಕ್ಚರ್ ಸಿಗುತ್ತಾ? ಇವತ್ತು ಹಾಕಿ. ಪೂರ್ತಿ ನೋಡ್ತೀನಿ."

ಅಣ್ಣ ಕನ್ನಡಕ ತೆಗೆದು ಹೊಸ ಶಾಲಿನಲ್ಲೇ ಒರೆಸಿಕೊಂಡರು. ಅವರ ಬಾಗಿಲಲ್ಲಿ ಇಳಿದಾಗ, ನಾನೂ ಬಂದು ನೋಡಲೇ ಎಂದು ಕೇಳಲು ಬಾಯಿ ತೆರೆದೆ. ಈ ಸಲ ಎರಡು ಬೆರಳು ಆಡಿಸಿದ್ದು ಬನಶಂಕರಕ್ಕ.