ಧೂಳು ತೆಗೆಯುವ ಪಂಪೇಶ

ಹೊಸಪೇಟೆಯಲ್ಲಿ ಪಂಪೇಶ ಎಂದರೆ ಯಾವ ಪಂಪೇಶ ಎಂದು ಕೇಳಲೇಬೇಕು. ಓಣಿಗೆ ಇಬ್ಬರಾದರೂ ಸಿಗುತ್ತಾರೆ. ಆದರೆ ‘ಧೂಳು ತೆಗೆಯುವ ಪಂಪೇಶ’ ಎಂದರೆ ಆಟೋದವರು ನೇರ ಗಾದಿಲಿಂಗಪ್ಪನ ಫೋಟೋ ಸ್ಟುಡಿಯೋದ ಮುಂದೆ ತಂದು ಇಳಿಸುತ್ತಿದ್ದರು. ಕಸ ಗುಡಿಸುವವನೆಂದು ತಿಳಿಯಬೇಡಿ. ಆತ ತೆಗೆಯುತ್ತಿದ್ದದ್ದು ಮದುವೆ ವಿಡಿಯೋದೊಳಗಿನ ಧೂಳು, ಅದೂ ಕಂಪ್ಯೂಟರಿನಲ್ಲಿ.

ಮೊದಲು ಅಂಗಡಿಗಳ ಬೋರ್ಡು ಬರೆಯುತ್ತಿದ್ದ. ಎರಡು ಸಾವಿರದ ಒಂದರಲ್ಲಿ ಗಾದಿಲಿಂಗಪ್ಪ ಕಂಪ್ಯೂಟರ್ ತರಿಸಿ, ಮುಟ್ಟಲು ತಾನೇ ಹೆದರಿ, “ನೀ ಕುಂದ್ರಲೇ, ಬಣ್ಣ ಗೊತ್ತಿರಾವ ನೀನ” ಎಂದು ಅವನನ್ನು ಕೂರಿಸಿದ. ಕಲಿಸುವವರಿಲ್ಲ, ಕೇಳುವವರಿಲ್ಲ. ಒತ್ತಿ ಒತ್ತಿ ನೋಡಿಯೇ ಪಂಪೇಶ ತಾವರೆಯೊಳಗಿಂದ ಮದುಮಗಳ ಮುಖ ಅರಳಿಸಿದ, ಗಂಡು ಹೆಣ್ಣನ್ನು ಡ್ಯಾಮಿನ ನೀರಿನ ಮೇಲೆ ನಡೆಸಿದ. ಜನ ಬಾಯಿ ಬಿಟ್ಟುಕೊಂಡು ನೋಡಿದರು.

ಆಗ ಸಂಡೂರಿನ ಗುಡ್ಡಗಳು ಲಾರಿ ಹತ್ತಿ ಹೋಗುತ್ತಿದ್ದ ಕಾಲ. ರಸ್ತೆ ಬದಿಯ ಚಪ್ಪರ, ಬಾಳೆಕಂಬ, ಹಿರಿಯರ ಬಿಳಿ ಧೋತರ, ಎಲ್ಲದರ ಮೇಲೂ ಅದಿರಿನ ಕೆಂಪು. ಮದುವೆಯ ದಿನವಾದರೂ ಚೆನ್ನಾಗಿ ಕಾಣಬೇಕೆಂದು ಯಾರಿಗೆ ಆಸೆ ಇರುವುದಿಲ್ಲ? ಆ ಒಂದು ಬಗೆಯ ಕೆಂಪನ್ನು ಹುಡುಕಿ ಅಳಿಸುವಂತೆ ಪಂಪೇಶ ಕಂಪ್ಯೂಟರಿಗೆ ಪಾಠ ಮಾಡಿದ. ಎಲೆಗಳು ಹಸಿರಾದವು, ಧೋತರ ಬೆಳ್ಳಗಾದವು. ಕಂಪ್ಲಿಯಿಂದಲೂ ಜನ ಕ್ಯಾಸೆಟ್ ಹಿಡಿದು ಬರತೊಡಗಿದರು. ಪಂಪೇಶನಿಗೆ ನೆಲದ ಮೇಲೆ ಕಾಲು ನಿಲ್ಲಲಿಲ್ಲ.

ಮೂರು ವರ್ಷದ ಮೇಲೆ ವಡ್ಡು ಗ್ರಾಮದ ಊರಮ್ಮ ಬಂದಳು. ಅದಿರು ಜರಡಿ ಹಿಡಿಯುವ ಹೆಂಗಸು. ಆಕೆಯ ಮಗ ಜಡೆಪ್ಪನದು ಲಾರಿಗೆ ಅದಿರು ತುಂಬುವ ಕೆಲಸ. ಅವನ ಮದುವೆಯ ಸಿ.ಡಿ.ಯನ್ನು ಮೇಜಿನ ಮೇಲೆ ಬಡಿದು ಕೂಗಾಡಿದಳು.

“ನನ್ನ ಸೊಸಿ ಹಣಿ ಬೋಳು ಮಾಡೀಯಲ್ಲೋ! ಮುತ್ತೈದಿ ಯಾರು, ಗಂಡ ಸತ್ತಾಕಿ ಯಾರು, ನಿನ್ನ ಮಿಷನ್ನಿಗೆ ತಿಳಿಯಂಗಿಲ್ಲೇನು?”

ನಿಜ, ತಿಳಿದಿರಲಿಲ್ಲ. ಧೂಳಿನ ಜೊತೆ, ಅದೇ ಬಗೆಯ ಕೆಂಪಾಗಿದ್ದ ಮದುಮಗಳ ಕುಂಕುಮವನ್ನೂ ಅದು ನುಂಗಿತ್ತು. ಹಾರ ಬದಲಿಸುವಾಗ, ಸೊಸೆ ಸುಧಾರಾಣಿ ಬೋಳು ಹಣೆಯಲ್ಲಿ ನಗುತ್ತಿದ್ದಳು. ಪಂಪೇಶ ಕಂಪ್ಯೂಟರಿಗೆ ಒಪ್ಪಿಸದೆ ಕೈಯಾರೆ ತಿದ್ದಲು ಕುಳಿತ. ಒಂದು ಸೆಕೆಂಡಿಗೆ ಇಪ್ಪತ್ತೈದು ಚಿತ್ರ; ಒಂದೊಂದರಲ್ಲೂ ಒಂದೊಂದು ಬೊಟ್ಟು. ಒಂಬತ್ತು ದಿನ ಹಿಡಿಯಿತು. ಊರಮ್ಮ ನೋಡಿ ಸಮಾಧಾನವಾಗಿ ಸಿ.ಡಿ. ಒಯ್ದಳು.

ಮದುವೆ ಹಿಡಿದ ಮೂಲ ಟೇಪು ಆಗಲೇ ಇರಲಿಲ್ಲ. ಅದರ ಮೇಲೆ ಮೆಟ್ರಿ ಗ್ರಾಮದ ಮದುವೆಯೊಂದನ್ನು ಹಿಡಿದಾಗಿತ್ತು. “ತೊಳದ ಪಾತ್ರ್ಯಾಗ ಮತ್ತ ಅಡಿಗಿ ಮಾಡಂಗಿಲ್ಲೇನಲೇ” ಎನ್ನುವುದು ಗಾದಿಲಿಂಗಪ್ಪನ ನ್ಯಾಯ. ಪಂಪೇಶನೂ ಒಪ್ಪಿದ್ದ. ತೊಳೆದದ್ದು ಕೈಯಲ್ಲಿರುವಾಗ ಕೊಳೆ ಯಾರಿಗೆ ಬೇಕು?

ಎರಡು ವರ್ಷ ಕಳೆಯುವಷ್ಟರಲ್ಲಿ ಹಿಂದಕ್ಕೆ ಬರುತ್ತಿದ್ದ ಅದಿರು ಲಾರಿಯೊಂದು ಜಡೆಪ್ಪನನ್ನು ನುಂಗಿತು. ಸುದ್ದಿ ಕೇಳಿದ ದಿನವೆಲ್ಲ ಪಂಪೇಶನಿಗೆ ಆ ಬೋಳು ಹಣೆಯೇ ಕಣ್ಣಮುಂದೆ. ತನ್ನ ಕೈಯಿಂದಲೇ ಅಪಶಕುನವಾಯಿತೇ? ಇಂಥ ಮಾತನ್ನು ನಂಬುವವನಲ್ಲ ಆತ, ಆದರೂ ನಂಬಿದ.

ಹದಿನೈದು ದಿನದ ಮೇಲೆ ಊರಮ್ಮ ಬಾಗಿಲಲ್ಲಿ ನಿಂತಾಗ ಶಾಪ ಹಾಕಲೆಂದೇ ಬಂದಳೆಂದುಕೊಂಡು ಎದ್ದು ನಿಂತ.

“ಕುಂದ್ರಪ,” ಎಂದಳು. ಸಿ.ಡಿ.ಯನ್ನು ಮೆಲ್ಲಗೆ ಇಟ್ಟಳು. “ಇದ್ರಾಗ ನನ್ನ ಮಗ ಇಲ್ಲ.”

“ಇದಾನಲ್ರೆವ್ವಾ, ನೋಡ್ರಿ.”

“ಇವ ಯಾರ ಮಗನೋ, ಬೆಳ್ಳಗದಾನ. ಎಷ್ಟು ತಿಕ್ಕಿ ಎರದ್ರೂ ನನ್ನ ಮಗನ ಹುಬ್ಬಿನಾಗ ಕೆಂಪ ಹೋಗ್ತಿದ್ದಿಲ್ಲ. ಸೊಸಿಗಿ ಕುಂಕುಮ ತಿರುಗಿ ಇಟ್ಟಿ. ನನ್ನ ಮಗಗ ಧೂಳು ಇಡಪ.”

ಧೂಳಿದ್ದ ಮೂಲ ಟೇಪು ಪಂಪೇಶನ ಬಳಿ ಇರಲಿಲ್ಲ. ಕುಂಕುಮದ ಜಾಗ ಯಾರಿಗಾದರೂ ಗೊತ್ತು. ಈ ಧೂಳು ಎಲ್ಲೆಲ್ಲಿತ್ತು? ಅಷ್ಟು ದಿನ ಆ ಮುಖದ ಎದುರು ಕುಳಿತು, ಅಳಿಸುವುದು, ಬೊಟ್ಟಿಡುವುದು ಬಿಟ್ಟು ಮತ್ತೇನನ್ನೂ ಆತ ನೋಡಿರಲಿಲ್ಲ. ನಾಚಿಕೆಯಾಯಿತು. ತಾಳಿ ಕಟ್ಟುವ ಮೊದಲು ಜಡೆಪ್ಪ ತಲೆ ಎತ್ತಿದ ಜಾಗದಲ್ಲಿ ವಿಡಿಯೋ ನಿಲ್ಲಿಸಿದ.

“ಎಲ್ಲೆಲ್ಲಿ ಇತ್ತು, ತೋರಿಸ್ರಿ.”

ಊರಮ್ಮ ಕಂಪ್ಯೂಟರಿನ ಗಾಜಿನ ಮೇಲೆ ಬೆರಳಿಟ್ಟಳು. ಎರಡೂ ಹುಬ್ಬು ತೀಡಿದಳು, ಕಿವಿಯಂಚು ಸವರಿದಳು, ಮೂಗಿನ ಪಕ್ಕ ಒತ್ತಿದಳು. ದಿನವಿಡೀ ಜರಡಿ ಹಿಡಿದ ಬೆರಳು. ಮುಟ್ಟಿದಲ್ಲೆಲ್ಲ ಅದಿರಿನ ಕೆಂಪು ಅಂಟಿತು. ಕೈ ತೆಗೆದು ಹಿಂದೆ ಸರಿದವಳು ಒಮ್ಮೆಲೇ ಸೆರಗನ್ನು ಬಾಯಿಗೆ ಒತ್ತಿಕೊಂಡಳು.

“ಹಾಂ! ಹಿಂಗ ಇದ್ದ. ಇವ ನೋಡಪ ನನ್ನ ಮಗ.”

ಪಂಪೇಶನಿಗೂ ಕಂಡ. ಮೊದಲ ಸಲ ಕಂಡ.

“ಓಡ್ಸು,” ಎಂದಳು ಊರಮ್ಮ. “ಸ್ವಲ್ಪ ನಡದಾಡ್ಲಿ.”

“ಬ್ಯಾಡ್ರೆವ್ವಾ. ಹಿಂಗ ಇರ್ಲಿ.”

“ಓಡ್ಸಪ, ನಿನ್ನ ಕೈ ಮುಗಿತೀನಿ.”

ಪಂಪೇಶ ಒತ್ತಿದ. ಜಡೆಪ್ಪ ನಕ್ಕ, ತಾಳಿ ತೆಗೆದುಕೊಳ್ಳಲು ಪಕ್ಕಕ್ಕೆ ವಾಲಿದ. ಧೂಳು ಗಾಜಿನ ಮೇಲೆ ಇದ್ದಲ್ಲೇ ಉಳಿಯಿತು.