ಅಣ್ಣನ ಹೆಸರಿಗೆ ಹೋದ ಆಟಗಳು

"ಅಣ್ಣಂದು ನಿಂದು ಬ್ಯಾರೇನ?" ಈ ಮಾತನ್ನು ಇವತ್ತಿಗೂ ಯಾರಾದರೂ ನನ್ನೆದುರು ಆಡಿದರೆ ಮೈಯೆಲ್ಲ ಉರಿದುಹೋಗುತ್ತದೆ. ಬೇರೆ ಅಲ್ಲದೆ ಮತ್ತೇನು? ಅವನ ತಟ್ಟೆ ಬೇರೆ, ನನ್ನ ತಟ್ಟೆ ಬೇರೆ. ಅವನಿಗೆ ಜ್ವರ ಬಂದರೆ ನನಗೆ ಯಾರೂ ಸೂಜಿ ಚುಚ್ಚಿಸುವುದಿಲ್ಲ. ಗೆದ್ದ ಆಟ ಮಾತ್ರ ಇಬ್ಬರದೂ ಹೇಗಾಗುತ್ತದೆ? ಇಬ್ಬರದೂ ಆಗಿದ್ದರೆ ಹಾಳಾಗಿ ಹೋಗಲಿ ಎಂದು ಸುಮ್ಮನಿರುತ್ತಿದ್ದೆ. ಅದು ಅವನೊಬ್ಬನದೇ ಆಗಿಬಿಟ್ಟಿತು.

ನಮ್ಮ ಮನೆ ಕೊಪ್ಪಳಕ್ಕೆ ಅಂಟಿಕೊಂಡಿರುವ ಭಾಗ್ಯನಗರದಲ್ಲಿ. ಅಪ್ಪ ದಿನಾ ಬಸ್ಸು ಹತ್ತಿ ಯಲಬುರ್ಗಾದ ಸರ್ಕಾರಿ ಕಚೇರಿಗೆ ಹೋಗಿಬರುತ್ತಿದ್ದ. ನಾನು ಕೊಪ್ಪಳದಲ್ಲಿ ಬಿ.ಕಾಂ. ಓದುತ್ತಿದ್ದೆ. ನನಗಿಂತ ಎರಡು ವರ್ಷ ದೊಡ್ಡವನಾದ ಅಣ್ಣ ಡಿಗ್ರಿ ಮುಗಿಸಿ ಕೆಲಸ ಹುಡುಕುವುದನ್ನೇ ಕೆಲಸ ಮಾಡಿಕೊಂಡಿದ್ದ. ಮೊಬೈಲಿನಲ್ಲಿ ಇಂಟರ್‌ನೆಟ್ ಇನ್ನೂ ಎಲ್ಲರ ಕೈಗೆ ಬಂದಿರಲಿಲ್ಲ. ಫಲಿತಾಂಶ ನೋಡಲಿಕ್ಕೂ ಅರ್ಜಿ ತುಂಬಲಿಕ್ಕೂ ಬಸ್‌ಸ್ಟ್ಯಾಂಡಿನ ಹಿಂದಿನ ನೆಟ್ ಅಂಗಡಿಗೆ ಹೋಗಬೇಕು. ಹೆಣ್ಣುಮಕ್ಕಳು ಅಲ್ಲಿಗೆ ಒಬ್ಬರೇ ಹೋಗುವಂತಿರಲಿಲ್ಲವಾದ್ದರಿಂದ ಅಣ್ಣ ಕಾವಲಿಗೆ ಬರುತ್ತಿದ್ದ. ಎಂಥ ಕಾವಲು! ಪಕ್ಕದ ಮಷೀನಿನಲ್ಲಿ ಯುದ್ಧದ ಆಟಕ್ಕೆ ಕೂತನೆಂದರೆ, ನನ್ನನ್ನು ಯಾರಾದರೂ ಹೊತ್ತುಕೊಂಡು ಹೋಗಿದ್ದರೂ ತಿರುಗಿ ನೋಡುತ್ತಿರಲಿಲ್ಲ.

ಅವನ ಆಟ ನೋಡಿ ನೋಡಿಯೇ ನಾನು ಕಲಿತೆ. ಕಟ್ಟಿಗೆ ಕಡಿಸಬೇಕು, ಹೊಲ ಮಾಡಿಸಬೇಕು, ಊರು ಕಟ್ಟಬೇಕು, ದಂಡು ಕೂಡಿಸಿ ಎದುರಿನವರ ಊರು ಸುಡಬೇಕು. ಇದರಲ್ಲಿ ಮನೆ ನಡೆಸಿದವರಿಗೆ ಗೊತ್ತಿಲ್ಲದ್ದು ಏನೂ ಇಲ್ಲ. ಅಣ್ಣ ಮೌಸನ್ನು ಟಕಟಕ ಕುಟ್ಟುತ್ತ, "ಬಾರಲೇ ಮಗನ!" ಎಂದು ಕೂಗುತ್ತ, ಹತ್ತು ನಿಮಿಷದಲ್ಲಿ ಸೋಲುತ್ತಿದ್ದ. ಒಂದು ದಿನ ಅವನು ಚಹಾ ಕುಡಿಯಲು ಹೋದಾಗ ಅವನ ಕುರ್ಚಿಯಲ್ಲಿ ಕೂತು ಆಡಿದೆ. ಗೆದ್ದೆ. ಎದುರಿನ ಮಷೀನಿನಲ್ಲಿದ್ದ ಕಾಲೇಜು ಹುಡುಗ, "ಇವತ್ತೇನು ಅಣ್ಣಾ, ಭಾಳ ಛಲೋ ಆಡಿದಿ?" ಎನ್ನುತ್ತ ಎದ್ದು ಬಂದವನು ನನ್ನನ್ನು ನೋಡಿ ನಿಂತಲ್ಲೇ ನಿಂತ.

ಆಮೇಲೆ ವಾರಕ್ಕೆ ಎರಡು ಸಲ ಆಡತೊಡಗಿದೆ. ನನಗೊಂದು ರೂಢಿಯಿತ್ತು. ಆಟದ ಶುರುವಿಗೇ ಒಬ್ಬ ಕೆಲಸಗಾರನನ್ನು ದೂರದ ಮೂಲೆಗೆ ಕಳಿಸಿ ಗಿಡಗಳ ಹಿಂದೆ ನಿಲ್ಲಿಸುತ್ತಿದ್ದೆ. ಅವನಿಗೆ ಯಾವ ಕೆಲಸವೂ ಇಲ್ಲ. ಊರೆಲ್ಲ ಸುಟ್ಟುಹೋದರೆ ಅವನೊಬ್ಬನಿಂದ ಮತ್ತೆ ಊರು ಕಟ್ಟಬಹುದು, ಅಷ್ಟಕ್ಕೆ. ಇದನ್ನು ನನಗೆ ಯಾರೂ ಹೇಳಿಕೊಟ್ಟದ್ದಲ್ಲ. ನಮ್ಮವ್ವ ಮನೆಯಲ್ಲಿ ಎಷ್ಟೇ ಮಂದಿ ಉಣ್ಣಲಿ, ಒಂದು ಚಮಚ ಮೊಸರನ್ನು ಹೆಪ್ಪಿಗೆಂದು ಬಟ್ಟಲಲ್ಲಿ ಬೇರೆ ಎತ್ತಿಟ್ಟು ಮುಚ್ಚುತ್ತಿದ್ದಳು. ಅಣ್ಣನಿಗೆ ಕಂಡರೆ ಅದನ್ನೂ ಬೆರಳು ಹಾಕಿ ಬಳಿದು ತಿನ್ನುತ್ತಿದ್ದ. ಅವ್ವ ಬೈಯುತ್ತ ಪಕ್ಕದ ಮನೆಗೆ ಹೆಪ್ಪು ಕೇಳಲು ಹೋಗುತ್ತಿದ್ದಳು.

ಅಂಗಡಿಯ ಮಾಲೀಕರು ಗಂಗಾವತಿಯ ಅಕ್ಕಿ ವ್ಯಾಪಾರದ ಮನೆತನದವರು. ನಾವೆಲ್ಲ ಕಾಕಾ ಎನ್ನುತ್ತಿದ್ದೆವು. ಅವರಿಗೆ ಎಲ್ಲಿಂದಲೋ ಒಂದು ವೆಬ್‌ಸೈಟು ಸಿಕ್ಕಿತು. ಒಂದು ಆಟ ಮುಗಿದ ಮೇಲೆ ಯಾರು ಯಾವಾಗ ಏನು ಹುಕುಂ ಕೊಟ್ಟರು ಎಂಬುದೆಲ್ಲ ಒಂದು ಸಣ್ಣ ಫೈಲಿನಲ್ಲಿ ಉಳಿಯುತ್ತದೆ. ಅದಕ್ಕೆ ರಿಪ್ಲೇ ಅನ್ನುತ್ತಾರೆ. ಅದನ್ನು ಆ ಸೈಟಿಗೆ ಏರಿಸಿದರೆ, ಅದು ಆಟವನ್ನು ಮೊದಲಿಂದ ನೋಡಿ, ನಿನ್ನ ಕೈ ಎಷ್ಟು ಚುರುಕು, ಎಲ್ಲಿ ಹೊತ್ತು ಕಳೆದೆ, ಎಲ್ಲಿ ತಪ್ಪಿದೆ ಎಂದು ಮಾರ್ಕ್ಸು ಕೊಡುತ್ತಿತ್ತು. ಆಟದ ಮಷೀನುಗಳಿಗೆ ನೆಟ್ ಇರಲಿಲ್ಲ. ಕಾಕಾ ಭಾನುವಾರ ಬೆಳಿಗ್ಗೆ ಊದಿನಕಡ್ಡಿ ಹಚ್ಚಿ, ವಾರದ ರಿಪ್ಲೇಗಳನ್ನೆಲ್ಲ ಪೆನ್‌ಡ್ರೈವಿಗೆ ತುಂಬಿಕೊಂಡು, ಗಲ್ಲೆಯ ಪಕ್ಕದ ಮಷೀನಿನಿಂದ ತಾವೇ ಏರಿಸುತ್ತಿದ್ದರು. ಬಂದ ಮಾರ್ಕ್ಸನ್ನು ಪ್ರಿಂಟ್ ತೆಗೆದು ಬಾಗಿಲ ಪಕ್ಕದ ಗೋಡೆಗೆ ಅಂಟಿಸುತ್ತಿದ್ದರು. ಎಸ್ಸೆಸ್ಸೆಲ್ಸಿ ರಿಸಲ್ಟಿನ ಹಾಗೆ ಹುಡುಗರು ಮುಗಿಬಿದ್ದು ನೋಡುತ್ತಿದ್ದರು.

ಮೊದಲ ಭಾನುವಾರ ನಾನೂ ಹೋಗಿ ನೋಡಿದೆ. ಎಲ್ಲರಿಗಿಂತ ಮೇಲೆ ಅಣ್ಣನ ಹೆಸರು. ಕೆಳಗೆಲ್ಲೂ ನಾನಿಲ್ಲ. ನಾನು ಆಡಿದ ಒಂದೊಂದು ಆಟವೂ ಅಣ್ಣನ ಖಾತೆಗೆ ಜಮೆಯಾಗಿತ್ತು. ಅವನೇ ಆಡಿ ಸೋತ ಆಟಗಳನ್ನು ಕಾಕಾ, ಮರ್ಯಾದೆ ಹೋಗಬಾರದೆಂದು, ಏರಿಸಿಯೇ ಇರಲಿಲ್ಲ.

"ಕಾಕಾ, ಇವೆಲ್ಲಾ ನಾ ಆಡಿದ್ದವಲ್ರಿ?"

"ಹೌದವಾ, ನನಗ ಗೊತ್ತಿಲ್ಲೇನು. ಆದ್ರ ಹೆಣ್ಣುಮಗಳ ಹೆಸರು ನೆಟ್ಟಿನ್ಯಾಗ ಹಾಕಿ, ಗ್ವಾಡಿಗೆ ಹಚ್ಚಾಕ ಬರ್ತೈತೇನು? ನಾಳೆ ನಿಮ್ಮಪ್ಪ ಬಂದು ನನ್ನ ಕೊಳ್ಳಪಟ್ಟಿ ಹಿಡಿದ್ರ? ನಿಮ್ಮಣ್ಣನ ಐಡಿ ಕಾರ್ಡ್ ಮ್ಯಾಲ ನೀ ಬರ್ತಿ, ಅವನ ಹೆಸರಿನ್ಯಾಗ ಇರ್ಲಿ ಬಿಡು. ಮನಿ ಮಾನ ಮನ್ಯಾಗ ಉಳೀತು."

ಕಾಕಾ ಕೆಟ್ಟವರಲ್ಲ. ಅದೇ ನನಗೆ ಇನ್ನೂ ಸಿಟ್ಟು ತರಿಸುವ ಸಂಗತಿ. ಕೆಟ್ಟವರಾದರೆ ಜಗಳ ತೆಗೆಯಬಹುದು. ಒಳ್ಳೆಯದು ಮಾಡಿದೆನೆಂದು ನಗುತ್ತ ಚಹಾ ತರಿಸಿ ಕೊಡುವವರ ಜೊತೆ ಏನು ಜಗಳ ಮಾಡುತ್ತೀರಿ?

ಮನೆಗೆ ಬಂದು ಅವ್ವನ ಮುಂದೆ ಹಾರಾಡಿದೆ. ಅವಳು ರೊಟ್ಟಿ ಬಡಿಯುವುದನ್ನು ನಿಲ್ಲಿಸದೆ ಹೇಳಿದಳು: "ಏನ್ ಆಸ್ತಿ ಹೋತು ಅಂತ ಒದರಾಡ್ತಿ? ಅಣ್ಣಂದು ನಿಂದು ಬ್ಯಾರೇನ?"

ಹೀಗೆ ಒಂದು ವರ್ಷ ನಡೆಯಿತು. ನಾನು ಆಡುವುದು, ಅಣ್ಣ ಏರುವುದು. ಗೆದ್ದಲು ಕಟ್ಟಿದ ಹುತ್ತದಲ್ಲಿ ಹಾವು ಹೊಕ್ಕು ಕೂತಿತ್ತು. ಆ ಸೈಟಾದರೂ ಏನು ಜಾಣತನದ್ದು! ಪ್ರತಿ ಸಲವೂ ನನ್ನ ಆಟದಲ್ಲಿ ಒಂದೇ ತಪ್ಪು ಹಿಡಿಯುತ್ತಿತ್ತು: ಒಬ್ಬ ಕೆಲಸಗಾರ ಆಟದುದ್ದಕ್ಕೂ ಸುಮ್ಮನೆ ನಿಂತಿದ್ದಾನೆ, ಮಾರ್ಕ್ಸು ಕಡಿತ. ನನ್ನ ಕೈ ನಿಧಾನ ಎಂದು ಬೇರೆ ಬರೆಯುತ್ತಿತ್ತು. ಬೇಕಾದಷ್ಟೇ ಒತ್ತಿದರೆ ನಿಧಾನವಂತೆ. ಹುಡುಗರು ಖಾಲಿ ನೆಲದ ಮೇಲೆ ಟಕಟಕ ಒತ್ತಿ ಒತ್ತಿ ಚುರುಕು ಎನ್ನಿಸಿಕೊಳ್ಳುತ್ತಿದ್ದರು. ಒಲೆಯ ಮೇಲಿನ ಸಾರನ್ನು ಗಳಿಗೆಗೊಮ್ಮೆ ತಿರುವಿದವಳೇ ಒಳ್ಳೆಯ ಅಡಿಗೆಯವಳು ಎಂದ ಹಾಗಾಯಿತು.

ಒಂದು ದಿನ ಹುಬ್ಬಳ್ಳಿಯಿಂದ ಕಾಕಾಗೆ ಫೋನು ಬಂತು. ಅಲ್ಲಿ ದೊಡ್ಡ ಪಂದ್ಯವಂತೆ. ನಡೆಸುವವರು ಸೈಟಿನ ಮಾರ್ಕ್ಸು ನೋಡಿ ಊರೂರಿನಿಂದ ಆಟಗಾರರನ್ನು ಆರಿಸುತ್ತಿದ್ದಾರೆ, ಕೊಪ್ಪಳದ ಕಡೆಯಿಂದ ಅಣ್ಣನ ಹೆಸರು ಬಂದಿದೆ. ಈಗಲಾದರೂ ನಿಜ ಹೇಳುತ್ತಾರೆ, ನನ್ನನ್ನೇ ಕಳಿಸುತ್ತಾರೆ ಎಂದುಕೊಂಡೆ. ಹುಚ್ಚಿ ನಾನು.

"ಹುಡುಗರ ಜೋಡಿ ಹುಬ್ಬಳ್ಳಿಗೆ ನಿನ್ನ ಹೆಂಗ ಕಳಸೂದು?" ಎಂದ ಅಪ್ಪ.

"ನೀನೂ ಬಾ ಜೋಡಿ. ರಜಾ ಹಾಕು."

"ಆಟಕ್ಕ ರಜಾ ಹಾಕ್ಲೇನು? ಮಂದಿ ನಗೂದಿಲ್ಲ? ಅಂವ ಹೋಗ್ತಾನ. ಅವನ ಹೆಸರಽ ಬಂದೈತಲ್ಲ."

"ಆಡಿದ್ದು ನಾನಲ್ಲ, ಅವಳು" ಎಂದು ಒಂದು ಮಾತು ಅಣ್ಣನ ಬಾಯಿಂದ ಬಂದೀತೇನೋ ಎಂದು ಮುಖ ನೋಡುತ್ತ ನಿಂತೆ. ಅವನು ಯಾವ ಅಂಗಿ ಹಾಕಿಕೊಂಡು ಹೋಗಲಿ ಎಂದು ಅವ್ವನನ್ನು ಕೇಳಿದ.

ಇನ್ನೂ ಕೇಳಿ. ಅವನಿಗೆ ಕಲಿಸುವ ಕೆಲಸವನ್ನು ನನಗೇ ಹಚ್ಚಿದರು! ಪಂದ್ಯದ ದಿನದವರೆಗೂ ಅವನ ಪಕ್ಕದಲ್ಲಿ ಕೂತು ಹೇಳಿಕೊಟ್ಟೆ. ಊರ ಮಾನದ ಪ್ರಶ್ನೆ ಎಂದು ಕಾಕಾ ಬೇರೆ ತಲೆ ತುಂಬಿದ್ದರು. "ಒಬ್ಬನ್ನ ಗಿಡದ ಹಿಂದ ನಿಲ್ಲಸು" ಎಂದು ಬಾಯಿ ನೋಯುವ ಹಾಗೆ ಹೇಳಿದೆ.

"ಏಯ್, ಸೈಟ್ ಅದನ್ನ ತಪ್ಪು ಅಂತೈತಿ. ಮಾರ್ಕ್ಸ್ ಹೋಗ್ತಾವ," ಎಂದ ಅಣ್ಣ.

ಹೋದ. ಮೊದಲ ಆಟದಲ್ಲೇ ಸೋತು ಸಂಜೆಗೆಲ್ಲ ಮನೆಗೆ ಬಂದ. ಅಲ್ಲಿಯ ಮೌಸು ಸರಿಯಿರಲಿಲ್ಲವಂತೆ, ಕುರ್ಚಿ ಎತ್ತರವಂತೆ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ಅವ್ವ ಉಪ್ಪು ಮೆಣಸಿನಕಾಯಿ ನಿವಾಳಿಸಿ ಒಲೆಗೆ ಹಾಕಿದಳು: "ಮಂದಿ ಕಣ್ಣು ಬಿತ್ತು ನನ್ನ ಮಗನ ಮ್ಯಾಲೆ." ಮೆಣಸಿನಕಾಯಿ ಘಾಟಿಗೆ ಎಲ್ಲರೂ ಕೆಮ್ಮಿದರು. ನಾನು ಮಾತ್ರ ಅಳುತ್ತಿದ್ದದ್ದು ಘಾಟಿಗಲ್ಲ.

ಮುಂದಿನ ಭಾನುವಾರ ಕಾಕಾ ಹುಬ್ಬಳ್ಳಿಯ ರಿಪ್ಲೇ ತರಿಸಿ ಹಾಕಿದರು. ಪರದೆಯ ಮೇಲೆ ಅಣ್ಣನ ಊರು ಸುಡುತ್ತಿತ್ತು. ನಾನು ಆ ದೂರದ ಮೂಲೆಯನ್ನೇ ಹುಡುಕಿದೆ. ಗಿಡಗಳಿದ್ದವು. ಹಿಂದೆ ಯಾರೂ ಇರಲಿಲ್ಲ. ಒಬ್ಬನಿದ್ದಿದ್ದರೂ ಸಾಕಾಗಿತ್ತು. ಆ ದಿನದಿಂದ ಅಂಗಡಿಯ ಕಡೆ ಹೋಗುವುದನ್ನು ಬಿಟ್ಟೆ.

ವರ್ಷಗಳು ಕಳೆದವು. ಮದುವೆಯಾಗಿ ಕುಷ್ಟಗಿಗೆ ಬಂದೆ, ಇಲ್ಲಿಯ ಕಾಲೇಜೊಂದರಲ್ಲಿ ಪಾಠ ಹೇಳುತ್ತೇನೆ. ಲಾಕ್‌ಡೌನಿನಲ್ಲಿ ಆನ್‌ಲೈನ್ ಪಾಠಕ್ಕೆಂದು ಲ್ಯಾಪ್‌ಟಾಪ್ ಕೊಂಡಾಗ, ಆ ಹಳೆಯ ಆಟ ಹೊಸ ಬಣ್ಣ ಬಳಿದುಕೊಂಡು ಮತ್ತೆ ಬಂದಿರುವುದು ಕಂಡಿತು. ಸೈಟೂ ಇನ್ನೂ ಬದುಕಿತ್ತು. ನನ್ನ ಹೆಸರಿನಲ್ಲಿ, ತಂದೆಯ ಹೆಸರು ಗಂಡನ ಹೆಸರು ಯಾವುದೂ ಸೇರಿಸದೆ, ಒಂದು ಖಾತೆ ತೆರೆದೆ. ಕೆಲವು ಆಟ ಆಡಿ ರಿಪ್ಲೇ ಏರಿಸಿದೆ. ಸೈಟು ಲೆಕ್ಕ ಹಾಕಿ ಉತ್ತರ ಕೊಟ್ಟಿತು: ನೀವು ಹೊಸಬರು. ನಿಮ್ಮ ಆಟವನ್ನು ಹೋಲುವ ಒಬ್ಬ ಅನುಭವಿ ಆಟಗಾರರಿದ್ದಾರೆ. ಅವರ ರಿಪ್ಲೇಗಳನ್ನು ನೋಡಿ ಕಲಿಯಿರಿ.

ಕೆಳಗೆ ಅಣ್ಣನ ಹೆಸರು.

ಲ್ಯಾಪ್‌ಟಾಪನ್ನು ಅಂಗಳಕ್ಕೆ ಎಸೆಯಬೇಕು ಅನ್ನಿಸಿತು. ನನ್ನ ಆಟ ನೋಡಿ ನಾನು ಕಲಿಯಬೇಕಂತೆ, ಅವನನ್ನು ಗುರು ಮಾಡಿಕೊಂಡು! ಸೈಟಿನವರಿಗೆ ಉದ್ದುದ್ದ ಬರೆದೆ, ಇವೆಲ್ಲ ನನ್ನವು ಎಂದು. ಖಾತೆ ಯಾರ ಹೆಸರಿನಲ್ಲಿದೆಯೋ ಅವರು ಬರೆದು ತಿಳಿಸಿದರೆ ಬದಲಾಯಿಸುತ್ತೇವೆ ಎಂದು ಅವರು ಎರಡೇ ಸಾಲಿನ ಉತ್ತರ ಕಳಿಸಿದರು. ನಾನು ನಾನೇ ಎನ್ನಲಿಕ್ಕೂ ಅಣ್ಣನ ರುಜು ಬೇಕು.

ಹೊಸಪೇಟೆಯಲ್ಲಿ ನೌಕರಿಯಲ್ಲಿರುವ ಅವನಿಗೆ ಫೋನು ಮಾಡಿದೆ. ನಕ್ಕ. "ಈಗ್ಯಾಕವಾ ಅದೆಲ್ಲಾ? ನಮ್ಮ ಆಫೀಸಿನ್ಯಾಗ ಎಲ್ಲಾರಿಗೂ ತೋರಿಸೀನಿ, ಜಿಲ್ಲಾಕ್ಕ ನಾನಽ ಫಸ್ಟ್ ಇದ್ದೆ ಅಂತ. ಈಗ ತಗದ್ರ ಮಾರಿ ಹೆಂಗ ತೋರಸ್ಲಿ?"

ನಾನು ಫೋನಿಟ್ಟು, ಆ ಹಳೆಯ ರಿಪ್ಲೇಗಳಲ್ಲಿ ಒಂದನ್ನು ಹಾಕಿಕೊಂಡು ಕುದಿಯುತ್ತ ಕೂತೆ. ಅವ್ವ ಆಗ ನನ್ನ ಮನೆಗೆ ಬಂದಿದ್ದಳು. ಅವರೆಕಾಯಿ ಸುಲಿಯುತ್ತಿದ್ದವಳು ಎದ್ದು ಬಂದು ಪಕ್ಕದಲ್ಲಿ ಕೂತು ಪರದೆ ನೋಡಿದಳು. ಅವಳು ನನ್ನ ಆಟ ನೋಡಿದ್ದು ಅದೇ ಮೊದಲು.

"ಎಲ್ಲಾರೂ ದುಡ್ಯಾಕ ಹತ್ಯಾರ. ಇಂವ ಯಾಕ ಗಿಡದ ಹಿಂದ ಸುಮ್ನ ನಿಂತಾನ?"

"ಹೆಪ್ಪಿಗೆ, ಅವ್ವಾ. ಊರೆಲ್ಲಾ ಸುಟ್ಟು ಹೋದ್ರೂ ಇವನೊಬ್ಬ ಇದ್ರ ಮತ್ತ ಕಟ್ಟಾಕ ಬರ್ತೈತಿ."

ಅವ್ವ ಪರದೆಗೆ ಇನ್ನಷ್ಟು ಬಾಗಿ ಆ ಮೂಲೆಯನ್ನೇ ನೋಡಿದಳು. "ಇದು ಯಾರಾಟ?" ಎಂದಳು.

"ಅಣ್ಣಂದು ಅಂತ ಬರದಾರ."

"ಅವಂದ?" ಅವ್ವನ ದನಿ ಏರಿತು. "ಬಟ್ಟಲದಾಗಿನ ಹೆಪ್ಪು ಬಳಕೊಂಡು ತಿಂತಿದ್ದ ಭಾಡ್ಯಾ ಅಂವ! ಅಂವಗ ಎತ್ತಿಡೂದು ಯಾವಾಗ ತಿಳಿದಿತ್ತು? ಹಚ್ಚು ಫೋನು."

ಹಚ್ಚಿ ಸ್ಪೀಕರಿಗೆ ಹಾಕಿದೆ. ಸೈಟಿನವರಿಗೆ ಬರೆದು ಕೊಡಬೇಕೆಂಬ ವಿಷಯ ಕೇಳಿ ಅಣ್ಣ ಮತ್ತೆ ನಕ್ಕ. "ಅವ್ವಾ, ನೀನಽ ಅಂತಿದ್ದಿಲ್ಲ? ಆಕಿದು ನಂದು ಬ್ಯಾರೇನ?"

"ಬ್ಯಾರೆನಽ ಅದಾವ," ಎಂದಳು ಅವ್ವ. "ತಪ್ಪು ಅಂದಿದ್ದೆ ನಾ. ಈಗ ಬರದು ಕಳಸು. ಕಳಸೂತನಕ ನಾ ಫೋನ್ ಇಡಾಂಗಿಲ್ಲ."