ಗ್ಯಾಸ್‌ಲೈಟಿನ ಕೆಳಗೆ ಕೂತ ಮೇಷ್ಟ್ರು

ಬಾಬು ಜಾನ್ ಮೇಷ್ಟ್ರ ವಿಷಯ ಬರೆಯಲು ಕೂತರೆ ಈಗಲೂ ಮೈ ಉರಿಯುತ್ತದೆ. ಮೊದಲು ನಮ್ಮೂರಿನ ಮೇಲೆ, ಆಮೇಲೆ ನನ್ನ ಮೇಲೆ.

ಮದ್ದೂರು ಪೇಟೆಯಲ್ಲಿ ಅವರದೊಂದು ಗ್ಯಾಸ್‌ಲೈಟು ರಿಪೇರಿ ಅಂಗಡಿ. ಆದರೆ ಮೂವತ್ತೆಂಟನೇ ಇಸವಿಯಿಂದ ಮಳವಳ್ಳಿ ಕಡೆಯ ಹಳ್ಳಿಗಳಿಗೆಲ್ಲ ನಾಟಕ ಕಲಿಸುತ್ತಿದ್ದವರು ಅವರೇ. ಸುಗ್ಗಿ ಮುಗಿಯುತ್ತಲೇ ಸೈಕಲ್ಲಿಗೆ ಹಾರ್ಮೋನಿಯಂ ಕಟ್ಟಿಕೊಂಡು ಬರುವರು. ಉಳುವವರ ಬಾಯಲ್ಲಿ ಕಂದಪದ್ಯ ಹೊರಡಿಸುವುದೆಂದರೆ ಹುಡುಗಾಟವಲ್ಲ. ನಿಂತಲ್ಲೇ ತೂಗಾಡುವವನ ಬೆನ್ನಿಗೆ ಗುದ್ದಿ, ತಾಳ ತಪ್ಪಿದವನಿಗೆ ಉಗಿದು, ಮೂರೇ ತಿಂಗಳಲ್ಲಿ ರಾಮ ರಾವಣರನ್ನು ಮಾಡಿ ನಿಲ್ಲಿಸುವರು. ನಿಂಗಯ್ಯನಾದ ನಾನು ಸೀತೆಯಾದದ್ದೂ ಅವರ ಕೈಯಲ್ಲೇ.

ಇಷ್ಟಾದರೂ ಯಾವ ಊರೂ ಹ್ಯಾಂಡ್‌ಬಿಲ್ಲಿನಲ್ಲಿ ಅವರ ಹೆಸರು ಹಾಕಲಿಲ್ಲ. ಕಲಿಸುವ ತನಕ ಮೇಷ್ಟ್ರು, ಆಟದ ದಿನ ಸಾಬಿ. ಹೊಳೆ ದಾಟಿದ ಮೇಲೆ ಅಂಬಿಗನ ಹಂಗೇಕೆ! ನಲವತ್ತಾರರಲ್ಲಿ ನಮ್ಮೂರಿಗೆ ಬಂದಾಗ ಅವರು ಮೊದಲೇ ಕೇಳಿದರು. "ಈ ಸಲ ನನ್ನೆಸ್ರು ಆಕ್ಸಿ ಪಟೇಲ್ರೇ. ಬೇರೇನೂ ಬ್ಯಾಡ." ಪಟೇಲ ಹೊನ್ನಯ್ಯ ಆಗಲೆಂದು ತಲೆಯಾಡಿಸಿದ.

ತಂಡದಲ್ಲಿ ನೆಟ್ಟಗೆ ಅಕ್ಷರ ಬಲ್ಲವನು ನಾನೊಬ್ಬನೇ. ಹ್ಯಾಂಡ್‌ಬಿಲ್ಲಿಗೆ ಬರೆಯುವಾಗ ಪಟೇಲ ಪಕ್ಕದಲ್ಲೇ ಕೂತ.

"ಡೈರೆಕ್ಟ್ರು ಅಂತ ನನ್ನೆಸ್ರು ಬರಿ. ಸೀತಾರಾಮ್ರ ಆಟಕ್ಕೆ ಸಾಬಿ ಎಸ್ರಾ? ನೆಂಟ್ರು ನಗಾಕಿಲ್ವೇನ್ಲಾ? ಅವುಂದು ಕೆಳಗೆಲ್ಲಾರ ಸೇರ್ಸು."

ಬರೆದೆ. ಕೊನೆಯ ಸಾಲು: ಗ್ಯಾಸ್‌ಲೈಟು, ಬಾಬು ಜಾನ್.

ಆಟದ ಸಂಜೆ ಮೇಷ್ಟ್ರು ಅದನ್ನು ಓದಿದರು. ಹಾರ್ಮೋನಿಯಂ ಮುಂದೆ ಕೂರದೆ ಗ್ಯಾಸ್‌ಲೈಟು ತೂಗುಹಾಕಿದ್ದ ಕಂಬದ ಕೆಳಗೆ ಹೋಗಿ ಕೂತರು. ಶ್ರುತಿಯಿಲ್ಲದೆ ರಾಮನ ಗಂಟಲು ಕಟ್ಟಿತು. ಸನ್ನೆ ಕೊಡುವವರಿಲ್ಲದೆ ರಾವಣ ಎರಡು ಸೀನು ಮುಂಚೆಯೇ ಬಂದು ಕಣ್ಣು ಕಣ್ಣು ಬಿಟ್ಟ. ಜನ ಮೇಷ್ಟ್ರೆಲ್ಲಿ, ಮೇಷ್ಟ್ರೆಲ್ಲಿ ಎಂದು ಕೂಗಿದರು. ಪಟೇಲ ಬೆವರುತ್ತಾ ಕಂಬದ ಹತ್ತಿರ ಓಡಿದ.

"ಊರ ಮರ್ವಾದೆ ಕಳೀಬ್ಯಾಡ ಬಾಬು. ಬಂದು ಪೆಟ್ಗೆ ನುಡ್ಸು."

"ದೀಪ ಉರೀತಾ ಐತಲ್ಲ ಪಟೇಲ್ರೇ? ನನ್ ಕೆಲ್ಸ ಅಷ್ಟೇಯ. ಡೈರೆಕ್ಟ್ರು ನೀವು. ಇಲ್ಲಾ, ಕಲ್ಸಿದವ ಬಾಬು ಜಾನ್ ಅಂತ ಮ್ಯಾಲತ್ತಿ ಒಂದ್ ಮಾತು ಯೋಳಿ. ಈಗ್ಲೇ ನುಡುಸ್ತೀನಿ."

ಪಟೇಲ ಹೇಳಲಿಲ್ಲ. ಆಟವನ್ನೇ ನಿಲ್ಲಿಸಿಬಿಟ್ಟ. ಹನ್ನೆರಡು ಜನರ ಮೂರು ತಿಂಗಳ ದುಡಿಮೆ ಮಣ್ಣುಪಾಲಾದರೂ ಸರಿ, ಆ ಹೆಸರು ಮಾತ್ರ ತನ್ನ ಬಾಯಲ್ಲಿ ಬರಬಾರದು. ಥೂ!

ಅವನಿಗೆ ಉಗಿದು ಏನು ಬಂತು? ನಾನು ಸೀತೆಯ ಸೆರಗು ಹೊದ್ದು ರಂಗದ ಮೇಲೇ ನಿಂತಿದ್ದೆ. ಆ ಒಂದು ಮಾತು ನಾನೂ ಕೂಗಬಹುದಿತ್ತು. ಮೇಷ್ಟ್ರು ಕತ್ತೆತ್ತಿ ನನ್ನನ್ನೇ ನೋಡಿದರು. ನಾನು ಪಟೇಲನಿಗೆ ಹೆದರಿ ತುಟಿ ಬಿಚ್ಚಲಿಲ್ಲ. ಚಾಪೆ ಸುತ್ತಿಕೊಂಡು ಕೊನೆಯ ಹೆಂಗಸು ಮನೆ ಸೇರುವವರೆಗೂ ಅವರು ದೀಪಕ್ಕೆ ಗಾಳಿ ಹೊಡೆಯುತ್ತಲೇ ಇದ್ದರು.

ಮರುವರ್ಷ ಮೇಷ್ಟ್ರು ಮದ್ದೂರಿನಲ್ಲಿ ತಮ್ಮದೇ ತಂಡ ಕಟ್ಟಿದರು. ಹ್ಯಾಂಡ್‌ಬಿಲ್ಲಿನ ನೆತ್ತಿಯ ಮೇಲೆ ದಪ್ಪಕ್ಷರದಲ್ಲಿ ಅವರ ಹೆಸರು. ನಾನು ನಾಚಿಕೆ ಬಿಟ್ಟು ಅಂಗಡಿಗೆ ಹೋಗಿ ಪಾತ್ರ ಕೇಳಿದೆ.

ಅವರು ದೀಪಕ್ಕೆ ಮ್ಯಾಂಟಲ್ ಬಲೆ ಕಟ್ಟುತ್ತಿದ್ದರು. ತಲೆ ಎತ್ತಲಿಲ್ಲ.

"ಒಂದು ಐತೆ ಕಣಯ್ಯ. ಬಾಗ್ಲು ಕಾಯೋನ್ದು. ಮಾತಿಲ್ಲ, ಸುಮ್ಕೆ ನಿಂತಿರಾದು. ನಿಂಗೆ ಅಭ್ಯಾಸ ಐತಲ್ಲ."